ಬೆಳ್ಮಿಗ ಹೆಂಗಿತ್ತು?

ತುಂಗಭದ್ರೆಯ ದಂಡೆಯಲ್ಲಿ, ಬಂಡೆಗಳ ಸಂದಿಯಲ್ಲಿ ಒಂದು ಮಠ. ಮಠ ಅಂದೊಡನೆ ಗೋಪುರ, ಆನೆ, ಪಲ್ಲಕ್ಕಿ ಅಂತೆಲ್ಲ ನೆನೆಸಿಕೊಳ್ಳಬೇಡಿ. ಎರಡು ಕೋಣೆ, ಒಂದು ಒಲೆ, ಒಬ್ಬ ನಿರುಪಾದಿ ಅಜ್ಜ. ಅಷ್ಟೇ.

ಅಜ್ಜನ ಬಾಯಿ ಬಲು ಖಾರ. ಆದರೂ ಜನ ಅವನನ್ನೇ ಹುಡುಕಿಕೊಂಡು ಬರುತ್ತಿದ್ದರು.

ಒಂದು ಬೆಳಗ್ಗೆ ಶಿವಪುತ್ರ ಬಂದ. ಗಂಗಾವತಿಯಲ್ಲಿ ಮೊಬೈಲ್ ಅಂಗಡಿ ಇಟ್ಟುಕೊಂಡವನು, ಮೂವತ್ತರ ಆಸುಪಾಸಿನವನು. ಅಜ್ಜನ ಕಾಲಿಗೆ ಬಿದ್ದು ಎದ್ದ. ಚೀಲದಿಂದ ಅಂಗೈ ಅಗಲದ ಯಂತ್ರವೊಂದನ್ನು ತೆಗೆದು ಮುಂದಿಟ್ಟ.

"ಏನಪಾ ಇದು? ರೇಡಿಯೋ?"

"ವಿಡಿಯೋ ಗೇಮ್ ರೀ ಅಜ್ಜಾರ. ಮಿಗಲೋಕ ಅಂತ ಆಟದ ಹೆಸರು."

"ಬಂದವರು ಕಾಯಿ ಇಡ್ತಾರ, ಬಾಳೆಹಣ್ಣು ಇಡ್ತಾರ. ನೀ ಗೇಮ್ ಇಟ್ಟಿ. ಇರಲಿ, ಹೇಳು."

"ಇದರೊಳಗ ನೂರಾರು ಪ್ರಾಣಿ ಅದಾವ್ರಿ. ಕಾಡು ಗುಡ್ಡ ತಿರುಗಿ, ಬಲೆ ಒಗೆದು ಹಿಡೀಬೇಕು. ಹಿಡಿದು ಪೆಟ್ಟಿಗ್ಯಾಗ ಕೂಡಿಡಬೇಕು. ಎಲ್ಲಾದಕ್ಕಿಂತ ದೊಡ್ಡದು ಬೆಳ್ಮಿಗ, ಅಂದ್ರ ಬಿಳೀ ಮೃಗ. ಆಟದ್ದು ಒಟ್ಟು ಆರು ಭಾಗ, ಒಂದೊಂದು ಭಾಗದಾಗ ಒಂದ ಒಂದು ಬೆಳ್ಮಿಗ. ಒಂದ ಕಡೆ ನಿಲ್ಲೂದಿಲ್ಲ, ಸುತ್ತತಿರತೈತಿ. ಕಂಡರ ಮೂರು ಉಸಿರು ನಿಂತು ಓಡಿಹೋಗ್ತೈತಿ. ಐದು ಭಾಗದಾಗ ಹಿಡದೀನ್ರಿ. ಇಪ್ಪತ್ತು ವರ್ಷ ಹಿಡೀತು."

"ಭಪ್ಪರೆ! ಹಂಗಾದ್ರ ಆರನೇದೂ ಹಿಡಿ ಹೋಗು. ನನ್ನ ಹತ್ರ ಯಾಕ ಬಂದಿ? ನನ್ನ ಕಡೆ ಬಲೆ ಇಲ್ಲ."

"ಹಿಡಿಯಾಕಲ್ರಿ ಅಜ್ಜಾರ. ನನಗ ನೋಡಾಕ ಕಲಿಸ್ರಿ."

ಅಜ್ಜ ಅವನ ಮುಖವನ್ನೇ ನೋಡಿದ. ನೀರಿನ ತಂಬಿಗೆ ಅವನ ಕಡೆ ಸರಿಸಿದ.

ಶಿವಪುತ್ರ ನೀರು ಕುಡಿದು ಹೇಳಿದ.

"ನನಗ ಒಬ್ಬಾಕಿ ತಂಗಿ ಅದಾಳ್ರಿ. ಕಸ್ತೂರಿ ಅಂತ. ಸಣ್ಣವರಿದ್ದಾಗ ಇಬ್ಬರಿಗೂ ಒಂದ ಯಂತ್ರ. ಕಾಡೆಲ್ಲಾ ತಿರುಗೂದು ಅಕಿ. ಬೆಳ್ಮಿಗ ಬಂತು ಅಂದಕೂಡ್ಲೆ ನಾ ಕಸಗೊಳ್ತಿದ್ದೆ. ನಿನ್ನ ಕೈ ನಿಧಾನ, ಆಕಡೆ ಸರಿ ಅಂತಿದ್ದೆ. ಅಕಿ ಇಣುಕಿ ನೋಡೂದರಾಗ ನನ್ನ ತಲೆ ಅಡ್ಡ. ಅಕಿ ಒಮ್ಮೆನೂ ಬೆಳ್ಮಿಗ ನೋಡಲೇ ಇಲ್ಲ."

"ಈಗ ತೋರಿಸು."

"ಎಂಟು ತಿಂಗಳಾತ್ರಿ. ಅಕಿ ಕಣ್ಣು ಪೂರ್ತಿ ಹೋದವು."

ಒಲೆಯ ಮೇಲೆ ಇಟ್ಟ ಹಾಲು ಉಕ್ಕಿತು. ಅಜ್ಜ ಏಳಲಿಲ್ಲ.

"ಅಕಿ ಕಡೀಗೆ ನೋಡಿದ್ದು ಆಸ್ಪತ್ರ್ಯಾಗಿನ ಟ್ಯೂಬ್‌ಲೈಟ್ ಅಂತ್ರಿ. ಕಣ್ಣು ಮುಚ್ಚಿದ್ರೂ ಅದ, ತೆಗೆದ್ರೂ ಅದ. 'ಅಣ್ಣಾ, ನನ್ನ ಕಣ್ಣಾಗ ಆ ಟ್ಯೂಬ್‌ಲೈಟ ಕಡೇದಾಗಿ ಉಳಿಯೂದು ಬ್ಯಾಡ. ಬೆಳ್ಮಿಗ ಹೆಂಗಿತ್ತು ಹೇಳು. ಅದನ್ನ ಇಟ್ಕೊಂತೀನಿ' ಅಂದ್ಲು."

"ನೀ ಏನು ಹೇಳಿದಿ?"

"ಎಂಬತ್ತನೇ ಮಟ್ಟದ್ದು, ಬಲ ತೊಂಬತ್ಮೂರು, ಏಳನೇ ಬಲೆಗೆ ಬಿತ್ತು ಅಂದೆ."

ಅಜ್ಜನಿಗೆ ನಗು ಬಂದಿತ್ತು. ಶಿವಪುತ್ರನ ಮುಖ ಕಂಡು ನುಂಗಿಕೊಂಡ.

"ಐದು ಕೂಡಿಟ್ಟೀಯಲ್ಲ ಪೆಟ್ಟಿಗ್ಯಾಗ. ತೆಗೆದು ನೋಡಿ ಹೇಳಬೇಕಿತ್ತು."

"ಅದರಾಗ ಆಧಾರ್ ಕಾರ್ಡಿನ ಫೋಟೋದಂಗ ನಿಂತಿರತಾವ್ರಿ. ಅದು ಬರೂದು ಹೆಂಗ ಅನ್ನೂದು ಅಲ್ಲಿ ಇಲ್ಲ. ಬ್ಯಾರೆಯವರ ವಿಡಿಯೋ ನೋಡಿ ಹೇಳಿದೆ, ಸುಳ್ಳು ಹಿಡದುಬಿಟ್ಲು. 'ಇದು ನೀ ಕಂಡಿದ್ದಲ್ಲ' ಅಂತ ಆಕಡೆ ಮಾರಿ ತಿರುಗಿಸಿ ಮಲಗಿದ್ಲು."

"ಆರನೇ ಭಾಗ?"

"ಅದರಾಗ ಮೂರು ಸಲ ಮಾತ್ರ ಬರತೈತ್ರಿ. ಆಮ್ಯಾಲೆ ಜಪ್ಪಯ್ಯ ಅಂದ್ರೂ ಬರೂದಿಲ್ಲ. ಹೋದ ತಿಂಗಳು ಒಂದು ಸಲ ಬಂತು. ಕಣ್ಣು ನೋಡೂದಕ್ಕ ಮೊದಲ ನನ್ನ ಹೆಬ್ಬೆರಳು ಗುಂಡಿ ಒತ್ತಿಬಿಟ್ಟಿತ್ತು. ಬಲೆ ತಪ್ಪಿತು, ಅದು ಓಡಿತು. ನನಗೇನೂ ಕಾಣಲಿಲ್ಲ. ಇನ್ನ ಎರಡು ಸಲ ಉಳದೈತಿ."

ಅಜ್ಜ ಎದ್ದು ಹಾಲಿನ ಪಾತ್ರೆ ಇಳಿಸಿದ.

"ನದಿಗೆ ಹೋಗು. ದೊಡ್ಡ ಬಂಡೆ ಮ್ಯಾಲೆ ಕುಂದ್ರು. ನೀರುನಾಯಿ ಬರ್ತಾವ. ನೋಡಿ ಬಂದು ಹೇಳು."

ಶಿವಪುತ್ರ ಹೋದ. ಮಧ್ಯಾಹ್ನಕ್ಕೆ ಬಂದ. ಮುಖ ಅರಳಿತ್ತು.

"ಹನ್ನೊಂದು ಇದ್ವು ರೀ ಅಜ್ಜಾರ."

"ನಿನ್ನ ಜನಗಣತಿಗೆ ಕಳಿಸಿದ್ನೇನು?"

ಮರುದಿನ ಮತ್ತೆ ಹೋದ, ಮತ್ತೆ ಬಂದ.

"ಒಂದೊಂದು ಎರಡೂವರೆ ಅಡಿ ಇದ್ವು ರೀ. ಬಾಲ ಬ್ಯಾರೆ."

"ಅಂಗಿ ಹೊಲಿಸ್ತೀಯೇನು ಅವಕ್ಕ? ನಡಿ, ನಾಳೆ ಮತ್ತ ಹೋಗು."

ಹೀಗೇ ನಾಲ್ಕು ದಿನ. ಅಜ್ಜನ ಬೈಗುಳ ತಿಂದೂ ತಿಂದೂ ಶಿವಪುತ್ರನಿಗೆ ರೋಸಿಹೋಯಿತು. ತಂಗಿ ಅಲ್ಲಿ ಟ್ಯೂಬ್‌ಲೈಟಿನಲ್ಲಿ ಒದ್ದಾಡುತ್ತಿದ್ದಾಳೆ, ನಾನಿಲ್ಲಿ ನೀರುನಾಯಿ ಕಾಯುತ್ತಾ ಕೂತಿದ್ದೇನೆ ಅನ್ನಿಸಿತು.

ಐದನೇ ದಿನ, ಅಜ್ಜ ಊಟ ಮಾಡಿ ಕಣ್ಣು ಮುಚ್ಚಿದ್ದ. ಶಿವಪುತ್ರ ಗೋಡೆಯ ಮರೆಗೆ ಹೋಗಿ ಯಂತ್ರ ಹಚ್ಚಿದ. ಈ ಸಲ ನೋಡಿಯೇ ಬಿಡುತ್ತೇನೆ ಅಂತ ಹಲ್ಲು ಕಚ್ಚಿ ಕೂತ.

ಸ್ವಲ್ಪ ಹೊತ್ತಿಗೆ ಗೋಡೆಯಾಚೆಯಿಂದ ಒಂದು ಸಣ್ಣ ದನಿ, ಹೊಡೆತ ತಿಂದ ನಾಯಿ ಕುಂಯ್ ಅಂದಂತೆ.

ಅಜ್ಜ ಕಣ್ಣು ತೆರೆಯದೆಯೇ ಕೇಳಿದ: "ಬಂತೇನು?"

"ಬಂತ್ರಿ."

"ಹೆಂಗಿತ್ತು?"

ಶಿವಪುತ್ರ ಬಂದು ಅಜ್ಜನ ಎದುರು ನೆಲಕ್ಕೆ ಹಣೆ ಹಚ್ಚಿ ಅತ್ತ.

"ಬರೇ ನನ್ನ ಬೆರಳು ಕಂಡಿತ್ರಿ, ಅಜ್ಜಾರ."

ನನಗೇನೋ ಇಂಥವನ ಕೆನ್ನೆಗೊಂದು ಬಾರಿಸಬೇಕು ಅನ್ನಿಸುತ್ತೆ. ಇದ್ದ ಎರಡರಲ್ಲಿ ಒಂದನ್ನು ಹಾಳುಮಾಡಿ ಬಂದಿದ್ದಾನೆ! ಅಜ್ಜ ಬಾರಿಸಲಿಲ್ಲ, ಬೈಯಲೂ ಇಲ್ಲ. ತನ್ನ ಹಳೇ ಪಂಚೆಯ ಅಂಚು ಹರಿದ. ಶಿವಪುತ್ರನ ಬಲಗೈ ಹೆಬ್ಬೆರಳನ್ನು ಮಡಿಸಿ, ಅಂಗೈಗೆ ಬಿಗಿಯಾಗಿ ಕಟ್ಟಿದ.

"ಯಂತ್ರ ನನ್ನ ಕಡೆ ಇರಲಿ. ನೀ ನದಿಗೆ ನಡಿ."

ಹೆಬ್ಬೆರಳು ಕಟ್ಟಿಸಿಕೊಂಡು ಒಂದು ದಿನ ಇದ್ದು ನೋಡಿ, ಆಗ ತಿಳಿಯುತ್ತೆ. ರೊಟ್ಟಿ ಮುರಿಯಲಾಗದು. ಅಂಗಿಯ ಗುಂಡಿ ಹಾಕಲಾಗದು. ಫೋನಂತೂ ದೂರವೇ ಉಳಿಯಿತು. ಶಿವಪುತ್ರ ಲುಂಗಿಯನ್ನು ಒಂದು ಕೈಯಲ್ಲಿ ಹಿಡಿದುಕೊಂಡೇ ನದಿಗೆ ಹೋಗುತ್ತಿದ್ದ. ಬಟ್ಟೆ ಒಗೆಯುವ ಹೆಂಗಸರು ಸೆರಗು ಬಾಯಿಗಿಟ್ಟುಕೊಂಡು ನಗುತ್ತಿದ್ದರು.

ಏನನ್ನೂ ಹಿಡಿಯಲಾಗದ ಮೇಲೆ ಸುಮ್ಮನೆ ಕೂರುವುದೊಂದೇ ಉಳಿಯಿತು. ಕೂತ. ದಿನಗಳು ಹೋದವು.

ಒಂದು ಬೆಳಗ್ಗೆ ಲುಂಗಿ ಜಾರುವುದೂ ಗೊತ್ತಿಲ್ಲದೆ ಓಡಿಬಂದ.

"ಅಜ್ಜಾರ! ಅಜ್ಜಾರ! ತಾಯಿ ನೀರುನಾಯಿ ಮೀನು ಹಿಡೀತ್ರಿ. ಎರಡೂ ಕೈಯಾಗ ಹಿಡದು ತಲೆ ಕಡೆಯಿಂದ ತಿಂತಿತ್ತು, ನಮ್ಮ ಹುಡುಗ್ರು ಚಪಾತಿ ಸುರುಳಿ ಸುತ್ತಿ ತಿಂತಾವಲ್ಲ, ಹಂಗ! ಮೀಸೆಯಿಂದ ನೀರು ತೊಟತೊಟ. ಮರಿ ಬಂದು ಬಾಯಿ ಹಾಕ್ತು, ತಾಯಿ ಗುರ್ ಅಂತು. ಗುರ್ ಅಂದು ತಾನ ಅರ್ಧ ಬಿಟ್ಟುಕೊಡ್ತು. ಆಮ್ಯಾಲೆ ನನ್ನ ನೋಡಿತ್ರಿ. ನನ್ನ! ನಾ ಉಸಿರಾಡಲಿಲ್ಲ."

"ಒಟ್ಟು ಎಷ್ಟಿದ್ವು?"

ಶಿವಪುತ್ರ ನದಿಯ ಕಡೆ ತಿರುಗಿ ನೋಡಿದ.

"ಎಣಿಸಲಿಲ್ರಿ."

ಅವತ್ತು ಅಜ್ಜ ಅವನ ತಟ್ಟೆಗೆ ತಾನೇ ರೊಟ್ಟಿ ಮುರಿದು ಹಾಕಿದ, ಮೇಲೊಂದು ಮುದ್ದೆ ಬೆಣ್ಣೆ ಇಟ್ಟ. ಉಂಡಾದ ಮೇಲೆ ಬೆರಳಿನ ಕಟ್ಟು ಬಿಚ್ಚಿದ. ಯಂತ್ರ ತಂದು ಮುಂದಿಟ್ಟ.

ಶಿವಪುತ್ರ ಕೈ ಹಿಂದಕ್ಕೆಳೆದುಕೊಂಡ.

"ಕಟ್ಟು ಇರಲ್ರಿ ಅಜ್ಜಾರ. ಈ ಬೆರಳು ನಂಬೂಹಂಗಿಲ್ಲ."

"ಕಟ್ಟಿದ ಬೆರಳು ಸುಮ್ಮನಿದ್ರ ಅದರಾಗ ನಿನ್ನದೇನು ಬಂತು?"

"ಮತ್ತ ಒತ್ತಿಬಿಟ್ರ?"

"ಒತ್ತಿತು. ಏನ್ ಮಾಡಾಕ ಬರತೈತಿ?"

"ಇದು ಕಡೇದ್ರಿ."

"ಗೊತ್ತೈತಿ. ಅದಕ್ಕ ನನಗೂ ಅಂಜಿಕಿ ಆಗೈತಿ."

ಇಬ್ಬರೂ ನದಿಯ ಬಂಡೆಯ ಮೇಲೆ ಹೋಗಿ ಕೂತರು. ಆಟದೊಳಗೆ ಶಿವಪುತ್ರ ಎರಡು ಸೀಮೆಗಳ ಗಡಿಗೆ ಹೋದ. ಗಡಿ ದಾಟಿದ, ಹಿಂದೆ ಬಂದ, ಮತ್ತೆ ದಾಟಿದ. ಹಾಗೆ ದಾಟಿದಾಗಲೆಲ್ಲ ಬೆಳ್ಮಿಗ ತನ್ನ ಜಾಗ ಬದಲಿಸುತ್ತೆ, ಹಾಗೆ ಬದಲಿಸುತ್ತ ಒಮ್ಮೆ ಎದುರಿಗೇ ಬರುತ್ತೆ. ಆಡುವವರಿಗೆಲ್ಲ ಗೊತ್ತಿರುವ ಉಪಾಯ ಇದು.

"ಏನಲೇ ಇದು, ಹೊಸ ಸೊಸಿ ಹೊಸ್ತಿಲ ದಾಟಿದಂಗ? ಒಳಗ ಹೋಗು, ಇಲ್ಲಾ ಹೊರಗ ಬಾ."

"ಇದ ದಾರಿ ರೀ ಅಜ್ಜಾರ."

"ಆತಪಾ. ಆಟದ ಗೊಂಬಿ ಸಲುವಾಗಿ ಏನೆಲ್ಲಾ ಮಾಡಬೇಕು ನೋಡು."

ಒಂದು ದಿನ ಕಳೆಯಿತು. ಮೂರು ದಿನ ಕಳೆಯಿತು. ಅಜ್ಜ ಪಕ್ಕದಲ್ಲಿ ಕೂತು ಹಲ್ಲುಕಡ್ಡಿ ಕಡಿಯುತ್ತ ಆಟದ ಮರಗಳಿಗೂ ಪ್ರಾಣಿಗಳಿಗೂ ಒಂದೊಂದು ಕೊಂಕು ತೆಗೆಯುತ್ತಿದ್ದ.

ನಾಲ್ಕನೇ ದಿನ ಬೆಳಗ್ಗೆ, ಬಿಸಿಲು ಇನ್ನೂ ಎಳೆಯದಾಗಿತ್ತು.

ಮೊದಲು ಆಟದ ಹಾಡು ನಿಂತಿತು. ಇಪ್ಪತ್ತು ವರ್ಷದಲ್ಲಿ ಶಿವಪುತ್ರ ಆ ಹಾಡು ನಿಲ್ಲುವುದನ್ನು ಒಮ್ಮೆಯೂ ಗಮನಿಸಿರಲಿಲ್ಲ. ಆಮೇಲೆ ಗಾಳಿ ನಿಂತಿತು. ಆಟದೊಳಗಿನ ಹುಲ್ಲಿನಲ್ಲಿ ಓಡಾಡುತ್ತಿದ್ದ ಸಣ್ಣ ಪ್ರಾಣಿಗಳು ಒಂದೊಂದಾಗಿ ಕೂತು, ಎಲ್ಲವೂ ಒಂದೇ ಕಡೆ ತಿರುಗಿದವು.

ಆ ಕಡೆಯಿಂದ ಒಂದು ಕಾಲು ಬಂತು. ಆ ಕಾಲು ಹುಲ್ಲಿನ ಮೇಲೆ ಊರಿದರೂ ಹುಲ್ಲು ಬಾಗಲಿಲ್ಲ. ಆಮೇಲೆ ಎದೆ ಬಂತು, ಆಮೇಲೆ ಕುತ್ತಿಗೆ.

ಆಮೇಲೆ ಏನು ಬಂತು ಅಂತ ನನ್ನನ್ನು ಕೇಳಬೇಡಿ. ಕಂಡವರೇ ಹೇಳಲಿಲ್ಲ, ನಾನೆಲ್ಲಿಂದ ತರಲಿ? ಇಷ್ಟು ಗೊತ್ತು: ಅದು ಮೂರು ಉಸಿರು ನಿಂತಿತು. ನಿಂತು ಶಿವಪುತ್ರನ ಕಡೆ ನೋಡಿತು. ಅವನ ಹೆಬ್ಬೆರಳು ಗುಂಡಿಯ ಮೇಲೇ ಇತ್ತು. ಬಲೆ ಅಂತ ಒಂದು ಇದೆ ಅನ್ನುವುದೇ ಅವನಿಗೆ ಮರೆತುಹೋಗಿತ್ತು.

ಅದು ತಿರುಗಿತು. ಹೋಯಿತು. ಗಾಳಿ ಬೀಸಿತು, ಹಾಡು ಮತ್ತೆ ಶುರುವಾಯಿತು.

ಶಿವಪುತ್ರ ಪಕ್ಕಕ್ಕೆ ತಿರುಗಿದ. ಆಟದ ಗೊಂಬೆ ಅಂತ ಆಡಿಕೊಳ್ಳುತ್ತಿದ್ದ ಅಜ್ಜ ಎದ್ದು ನಿಂತಿದ್ದ. ಹಲ್ಲುಕಡ್ಡಿ ಕೆಳಗೆ ಬಿದ್ದಿತ್ತು. ಎರಡೂ ಕೈ ಮುಗಿದಿದ್ದ.

ಅಜ್ಜ ಕೇಳಿದ, ದನಿ ಒಡೆದಿತ್ತು: "ಹೆಂಗಿತ್ತಪಾ?"

"ಬೆಳ್ಳಗ..." ಅಂದ ಶಿವಪುತ್ರ. ತಲೆ ಅಲ್ಲಾಡಿಸಿದ. "ಅಲ್ರಿ. ಬೆಳ್ಳಗ ಅಲ್ಲ. ಅದರ ಕಣ್ಣು..." ಮತ್ತೆ ತಲೆ ಅಲ್ಲಾಡಿಸಿದ. "ಅಲ್ಲ, ಹಂಗೂ ಅಲ್ಲ. ಅದು ಬರೂಮುಂದ... ಅಜ್ಜಾರ, ಅದು ನಿಂತಿತ್ತಲ್ರಿ, ನಿಂತಾಗ..."

ಕಣ್ಣಿಂದ ನೀರು ಧಾರಾಕಾರ ಹರಿಯುತ್ತಿತ್ತು. ಆಗ ತಂಗಿ ನೆನಪಾದಳು.

"ಅಯ್ಯೋ ಅಜ್ಜಾರ, ಕಸ್ತೂರಿಗೆ ಏನಂತ ಹೇಳ್ಲಿ? ಮೊದಲು ಅಂಕಿಯರ ಇದ್ವು ಹೇಳಾಕ. ಈಗ ಅವೂ ಇಲ್ಲ. ಕಣ್ಣತುಂಬ ನೋಡೀನಿ, ಬಾಯಾಗ ಒಂದು ಮಾತಿಲ್ಲ. ಇನ್ನೊಮ್ಮೆ ಅದು ಬರೂದಿಲ್ಲ. ಅಕಿ ಕಾಯ್ತಾ ಕುಂತಿರತಾಳ್ರಿ. ನೀವೂ ನೋಡಿದ್ರಲ್ಲ, ನೀವರ ಒಂದು ಮಾತು ಹೇಳಿಕೊಡ್ರಿ!"

"ನನ್ನ ಕಡೆನೂ ಇಲ್ಲ, ತಮ್ಮಾ."

ಶಿವಪುತ್ರ ಬಂಡೆಯ ಮೇಲೆ ಕುಸಿದ. ಯಂತ್ರ ಮಡಿಲಿಗೆ ಬಿತ್ತು. ಅವನ ಎರಡೂ ಕೈ ಗಡಗಡ ನಡುಗುತ್ತಿದ್ದವು, ಮೈಯ ರೋಮ ಎದ್ದು ನಿಂತಿದ್ದವು. ನಿಲ್ಲಿಸಬೇಕೆಂದು ಒಂದು ಕೈಯಿಂದ ಇನ್ನೊಂದನ್ನು ಹಿಡಿದುಕೊಂಡ. ಎರಡೂ ಸೇರಿ ನಡುಗಿದವು.

ಅಜ್ಜ ಎದುರಿಗೆ ಕೂತ. ಆ ಕೈಗಳನ್ನು ಬಿಡಿಸಿ, ತನ್ನ ಕೈಯೊಳಗೆ ತೆಗೆದುಕೊಂಡ. ಕಣ್ಣು ಮುಚ್ಚಿ ಸ್ವಲ್ಪ ಹೊತ್ತು ಹಾಗೇ ಹಿಡಿದುಕೊಂಡಿದ್ದ. ಆಮೇಲೆ ತಟ್ಟನೆ ಬಿಟ್ಟು, ಅವನ ಬೆನ್ನಿಗೆ ಒಂದು ಗುದ್ದಿ ಎಬ್ಬಿಸಿದ.

"ಹತ್ತು ಗಂಟೆಕ್ಕ ಗಂಗಾವತಿ ಬಸ್ ಐತಿ, ಓಡು. ಈ ನಡುಕ ನಿಲ್ಲೂದರೊಳಗ ಹೋಗಿ, ಈ ಕೈ ಅಕಿ ಕೈಯಾಗ ಇಡು."