ಹೆಜ್ಜೇನು ನೀರಿನ ಟ್ಯಾಂಕಿಗೆ ಬಂದದ್ದು

ಭೂಮಿ ಇನ್ನೂ ಹಸಿಮಣ್ಣಾಗಿದ್ದಾಗ ಕಾಡಿಗೆ ಗೇಟು ಇರಲಿಲ್ಲ. ತಾನು ಎಲ್ಲಿ ಮುಗಿಯುತ್ತೇನೆಂದು ಕಾಡಿಗೇ ಗೊತ್ತಿರಲಿಲ್ಲ.

ಆ ಕಾಡಿನ ಅತಿ ಎತ್ತರದ ಮತ್ತಿ ಮರದಲ್ಲಿ ಹೆಜ್ಜೇನು ಹುಟ್ಟು ಕಟ್ಟುತ್ತಿತ್ತು. ಮರದ ಬುಡದಲ್ಲಿ ಕೇತಯ್ಯನ ಗುಡಿಸಲು. ಜೇನು ಕೀಳಲು ಹತ್ತುವಾಗ ಕೇತಯ್ಯ ಹಾಡುತ್ತಿದ್ದ: "ತಂಗೀ, ನಾನು ಬಂದೆ. ಚೂರು ಸರಿ ತಂಗೀ." ಹಾಡು ಕೇಳಿ ಜೇನು ಸರಿಯುತ್ತಿತ್ತು. ಅವನು ತುಪ್ಪದ ಭಾಗ ಕೊಯ್ದು, ಮರಿಗಳ ಭಾಗ ಬಿಟ್ಟು ಇಳಿಯುತ್ತಿದ್ದ. ಹಾಡದೆ ಯಾರೂ ಆ ಮರ ಮುಟ್ಟುತ್ತಿರಲಿಲ್ಲ.

ಒಂದು ದಿನ ಕಾಡು ನೋಡುವವರು ಬಂದರು. ನೋಡಿದರು, ಚೆನ್ನಾಗಿದೆ ಎಂದರು. ಚೆನ್ನಾಗಿದ್ದದ್ದನ್ನೆಲ್ಲ ತಮ್ಮದು ಮಾಡಿಕೊಳ್ಳುವುದು ಅವರ ಚಾಳಿ. ಗುಡಿಸಲು ಕಿತ್ತು ಕೇತಯ್ಯನನ್ನು ಹೊರಗಟ್ಟಿದರು. ಗೇಟು ನಿಲ್ಲಿಸಿದರು. ಅವರು ಉಣ್ಣಲು, ಮಲಗಲು ಗೇಟಿನ ಮುಂದೆ ಒಂದು ಊರು ಎದ್ದಿತು.

ಕೇತಯ್ಯ ಗೇಟಿಗೆ ಬಂದ.

"ಕಾಡು ನೋಡೋರಿಗೆ ಮಾತ್ರ ಒಳಗೆ," ಎಂದ ಕಾವಲುಗಾರ.

"ನೋಡೋದೇನು ಬಂತಪ್ಪ. ಮನೆಗೆ ಹೋಗ್ತಿದೀನಿ."

"ಹುಲಿ ನೋಡ್ತೀನಿ ಅನ್ನು ತಾತ, ಬಿಡ್ತೀನಿ. ಮನೆ ಅಂದ್ರೆ ಬಿಡಲ್ಲ."

"ಹುಲಿ ದಿನಾ ನನ್ನ ನೋಡ್ತಿತ್ತು. ನಾನ್ಯಾರು ಅಂತ ಅದನ್ನೇ ಕೇಳು. ನನ್ನ ಮನೆಗೆ ನಾನು ನೆಂಟನ ಹಾಗೆ ಬರಲ್ಲ."

ಕೇತಯ್ಯ ಗೇಟಿನ ಹೊರಗೇ ಕೂತ.

ಒಳಗೆ ಮತ್ತಿ ಹೂ ಬಿಟ್ಟಿತು, ಉದುರಿತು. ಹೆಜ್ಜೇನು ಕಾಯಿತು. ಮತ್ತೆ ಕಾಯಿತು. ಹಾಡು ಬರಲಿಲ್ಲ.

"ಹೊಳೆಯಕ್ಕ, ನಮ್ಮಣ್ಣನ ಕಂಡೆಯಾ?" ಎಂದಿತು ಹೆಜ್ಜೇನು.

"ಗೇಟಿನಾಚೆ ನನ್ನ ಪೈಪಿಗೆ ತುಂಬ್ತಾರೆ ಕಣೇ. ನನಗೇನೂ ಕಾಣಲ್ಲ."

"ಗಾಳಿರಾಯ, ನೀನು?"

"ಚಳಿಗಾಲದಲ್ಲಿ ಕಂಡೆ. ಅಲ್ಲೇ ಕೂತು ಹಾಡ್ತಿದ್ದ. ಹಾಡು ಹೊತ್ತು ತರೋಣ ಅಂತ ಹೊರಟೆ. ನೋಡೋರ ಗಾಡಿಗಳ ಹಾರನ್ನಿನಲ್ಲಿ ಕಳೆದುಹೋಯ್ತು."

ಹೆಜ್ಜೇನು ಎದ್ದಿತು. ರೆಕ್ಕೆಯಿದ್ದವರನ್ನು ಗೇಟು ಏನು ಮಾಡೀತು?

ಊರಿನಲ್ಲಿ ಮತ್ತಿ ಮರ ಇರಲಿಲ್ಲ. ಎತ್ತರದ್ದೆಂದರೆ ನೀರಿನ ಟ್ಯಾಂಕು. ಅದರೊಳಗೆ ಹೊಳೆಯಕ್ಕನ ದನಿ ಕೇಳಿತು. ಹೆಜ್ಜೇನು ಅಲ್ಲೇ ಜೋತುಬಿದ್ದು ಕೆಳಗೆ ನೋಡಿತು. ಕೇತಯ್ಯ ಸತ್ತುಹೋಗಿದ್ದ. ಗೇಟಿನ ಪಕ್ಕ ಅವನು ಕೂತಷ್ಟು ಮಣ್ಣು ತಗ್ಗಾಗಿತ್ತು, ಅಷ್ಟೇ.

ಹೆಜ್ಜೇನು ಅಲ್ಲೇ ಹುಟ್ಟು ಕಟ್ಟಿತು. ಮರಿಗಳಾದ ಮೇಲೆ ಒಂದು ಸಂಜೆ ಹೋಟೆಲಿನವರು ಪಂಜು ಹಿಡಿದು ಬಂದರು. ಹಾಡದೆ ಬಂದರು. ಹುಟ್ಟು ಸುಟ್ಟರು, ಮರಿಗಳ ಭಾಗವನ್ನೂ ಬಿಡಲಿಲ್ಲ.

ಅದಕ್ಕೇ ಮಗು, ಇವತ್ತಿಗೂ ಕಾಡಂಚಿನ ಊರುಗಳಲ್ಲಿ ಟ್ಯಾಂಕಿನ ಕೆಳಗೆ ಹೆಜ್ಜೇನು ಕಪ್ಪಗೆ ಜೋತಿರುತ್ತದೆ. ಎಷ್ಟು ಸಲ ಸುಟ್ಟರೂ ಮುಂದಿನ ಹೂವಿಗೆ ಮತ್ತೆ ಬರುತ್ತದೆ, ಯಾರಾದರೂ ಹಾಡಿಕೊಂಡು ಬಂದಾರೇ ಎಂದು ಕಾಯುತ್ತದೆ.