ಮರವಿಲ್ಲದ ಸೀಮೆಯ ಬೇಲಿ

"ಗುರುಗಳೇ, ಕೆರೆನೀರಿನ ಜಗಳದಲ್ಲಿ ನಾನು ಹೇಳಿದ್ದಕ್ಕೆ ಒಪ್ಪುತ್ತೇವೆಂದು ಎರಡೂ ಊರಿನವರು ಹೇಳಿಕಳಿಸಿದ್ದಾರೆ. ನನ್ನ ಮೇಲೆ ಅಷ್ಟು ನಂಬಿಕೆಯಿರುವಾಗ ತೀರ್ಪನ್ನು ಇಲ್ಲಿಂದಲೇ ಹೇಳಿಕಳಿಸಿದರೆ ಸಾಲದೇ?" ಎಂದು ಶಿಷ್ಯ ಅಡವಯ್ಯ ಕೇಳಿದ.

ಗುರುಗಳು ಹೇಳಿದರು:

ನೂರೈವತ್ತು ವರ್ಷಗಳ ಹಿಂದೆ ಅಮೆರಿಕದಲ್ಲಿ ಒಬ್ಬ ರೈತನಿದ್ದ. ಅಮೆರಿಕ ಎಂದ ಕೂಡಲೇ ಕಣ್ಣರಳಿಸಬೇಡ. ಅಲ್ಲಿಯೂ ದನಗಳು ಬೇಲಿ ಮುರಿದು ಬೆಳೆ ಮೇಯುತ್ತಿದ್ದವು, ಅಲ್ಲಿಯೂ ಅಕ್ಕಪಕ್ಕದವರು ಅದಕ್ಕಾಗಿ ಕಚ್ಚಾಡುತ್ತಿದ್ದರು. ಆ ಜಗಳ ಬಿಡಿಸಲೆಂದೇ ಊರಿನವರು ತಮ್ಮಲ್ಲೊಬ್ಬನನ್ನು ಬೇಲಿ ನೋಡುವ ಕೆಲಸಕ್ಕೆ ಆರಿಸುತ್ತಿದ್ದರು. ಬೇಲಿ ಗಟ್ಟಿಯಾಗಿತ್ತೆಂದು ಅವನು ಹೇಳಿದರೆ ತಪ್ಪು ದನದ ಯಜಮಾನನದು, ಇಲ್ಲವೆಂದರೆ ಹೊಲದವನದು.

ಈ ರೈತನಿಗೆ ಆ ಕೆಲಸ ಬಂತು. ದೂರು ಬಂದ ದಿನ ಅವನು ತನ್ನ ಉಳುಮೆ ಬಿಟ್ಟು ಹೊರಡುತ್ತಿದ್ದ. ಬೇಲಿಯ ಈ ತುದಿಯಿಂದ ಆ ತುದಿಯವರೆಗೆ ನಡೆದು, ಗೂಟಗಳನ್ನು ಅಲ್ಲಾಡಿಸಿ, ಹೆಗಲು ಕೊಟ್ಟು ನೂಕಿ ನೋಡಿ, ಆಮೇಲೆ ಬಾಯಿ ತೆರೆಯುತ್ತಿದ್ದ. ಒಮ್ಮೆ ಸ್ವಂತ ತಮ್ಮನ ಬೇಲಿಯನ್ನೇ ಇದು ಬೇಲಿಯಲ್ಲ ಎಂದುಬಿಟ್ಟ. ತಮ್ಮ ಅವನೊಂದಿಗೆ ಮಾತು ಬಿಟ್ಟ. ಊರಿನವರು ಮಾತ್ರ ಇಂಥವನೇ ಬೇಕೆಂದು ಅವನನ್ನು ರಾಜ್ಯದ ಶಾಸನಸಭೆಗೆ ಆರಿಸಿ ಕಳಿಸಿದರು.

ಅಲ್ಲಿ ಬೇಲಿಯ ಕಾನೂನು ಚರ್ಚೆಗೆ ಬಂತು. ರಾಜ್ಯಕ್ಕೆಲ್ಲ ಒಂದೇ ಕಾನೂನು ಆಗಬೇಕು, ಯಾವುದನ್ನು ಬೇಲಿ ಎನ್ನಬೇಕು? ಎಲ್ಲರೂ ಅವನ ಕಡೆ ತಿರುಗಿದರು. ಅವನು ಎದ್ದು, ಸೀಳಿದ ಮರದ ಗಳುಗಳನ್ನು ಎದೆಯೆತ್ತರಕ್ಕೆ ಜೋಡಿಸಿದ್ದೇ ಬೇಲಿ, ಉಳಿದದ್ದೆಲ್ಲ ಸೋಮಾರಿಗಳ ನೆಪ ಎಂದ. ಅವನ ಸೀಮೆಯಲ್ಲಿ ಅದು ನಿಜವೇ. ಅಲ್ಲಿ ಹೊಲ ಮಾಡಬೇಕಾದರೆ ಮೊದಲು ಕಾಡು ಕಡಿಯಬೇಕಿತ್ತು. ಮರಕ್ಕೇನು ಬರ? ಸಭೆಯಲ್ಲಿ ಒಬ್ಬರೂ ಎದುರಾಡದೆ ಎಲ್ಲರೂ ಒಪ್ಪಿ ಕೈ ಎತ್ತಿದರು.

ಮರುವರ್ಷ ರಾಜ್ಯದ ಪಡುವಣ ತುದಿಯಿಂದ ಒಬ್ಬ ಹೆಂಗಸು ಅವನನ್ನು ಹುಡುಕಿಕೊಂಡು ಬಂದಳು. ಗಂಡ ಸತ್ತಿದ್ದ, ಮಕ್ಕಳು ಚಿಕ್ಕವರು. ದನದ ಸಾಹುಕಾರನೊಬ್ಬನ ಮಂದೆ ಅವಳ ಹೊಲಕ್ಕೆ ನುಗ್ಗಿ ವರ್ಷದ ಮೆಕ್ಕೆಜೋಳವನ್ನೆಲ್ಲ ತಿಂದುಹಾಕಿತ್ತು. ನ್ಯಾಯಾಲಯಕ್ಕೆ ಹೋದರೆ, ನಿನ್ನದು ಮರದ ಬೇಲಿಯಲ್ಲ, ಆದ್ದರಿಂದ ಬೇಲಿಯೇ ಇರಲಿಲ್ಲ ಎಂದರು. ಚಳಿಗಾಲ ಹತ್ತಿರ ಬಂದಿತ್ತು, ಮನೆಯಲ್ಲಿ ಕಾಳಿರಲಿಲ್ಲ.

"ಮರದ ಬೇಲಿ ಯಾಕಮ್ಮ ಹಾಕಲಿಲ್ಲ?" ಎಂದು ಅವನು ಕೇಳಿದ.

"ನಮ್ಮ ಕಡೆ ಮರ ಎಲ್ಲಿದೆ ಯಜಮಾನರೇ? ನೀವೇ ಬಂದು ನೋಡಿ."

ಅವನು ಹೋದ. ಕಣ್ಣು ಹಾಯುವಷ್ಟು ದೂರ ಬರೀ ಹುಲ್ಲು. ಆ ಹೆಂಗಸು ಹುಲ್ಲನ್ನು ಬೇರುಮಣ್ಣಿನ ಸಮೇತ ಇಟ್ಟಿಗೆಯಂತೆ ಕೊಯ್ದು, ಎದೆಯೆತ್ತರಕ್ಕೆ ಪೇರಿಸಿ, ಹೊಲದ ಸುತ್ತ ಗೋಡೆ ಕಟ್ಟಿದ್ದಳು. ಅವನು ಅದರ ಉದ್ದಕ್ಕೂ ನಡೆದ. ಹೆಗಲು ಕೊಟ್ಟು ನೂಕಿದ. ಗೋಡೆ ಅಲುಗಲಿಲ್ಲ. ಒಂದು ಕಡೆ ಮಾತ್ರ ಅದನ್ನು ಸನಿಕೆಯಿಂದ ಅಗೆದು ದನಗಳಿಗೆ ದಾರಿ ಮಾಡಿದ್ದರು. ಸಾಹುಕಾರನಿಗೆ ಕಾನೂನು ಚೆನ್ನಾಗಿ ಗೊತ್ತಿತ್ತು. ಬೇಲಿಯೇ ಅಲ್ಲದ್ದನ್ನು ಅಗೆಸಿದರೆ ತಪ್ಪೇನು? ರೈತ ನಾಚಿಕೆಯಿಂದ ಹಿಡಿಯಷ್ಟಾದ. ಅವಳ ಮುಖ ನೋಡಲು ಅವನಿಂದ ಆಗಲಿಲ್ಲ.

ಸಭೆಗೆ ಮರಳಿ, ನಾನು ನೋಡದೆ ಮಾತಾಡಿದೆ, ಕಾನೂನು ತಿದ್ದಿ ಎಂದು ಬೇಡಿಕೊಂಡ. ಸಭೆ ನಕ್ಕಿತು, ಪ್ರೀತಿಯಿಂದಲೇ ನಕ್ಕಿತು. ಬೇಲಿಯ ವಿಷಯದಲ್ಲಿ ನೀವು ತಪ್ಪುವುದುಂಟೇ, ಆ ಹೆಂಗಸಿನ ಕಣ್ಣೀರಿಗೆ ಕರಗಿದ್ದೀರಿ ಅಷ್ಟೇ ಎಂದರು. ನೀವಾದರೂ ಹೋಗಿ ನೋಡಿ ಎಂದು ಅಂಗಲಾಚಿದ. ಅಂದು ನೀವು ಹೇಳಿದ್ದೇ ನಮಗೆ ಸಾಕು ಎಂದರು. ಒಂದು ಕೈಯೂ ಮೇಲೇಳಲಿಲ್ಲ.

ಹಿಮ ಬೀಳುವ ಮೊದಲೇ ಆ ಹೆಂಗಸು ಮಕ್ಕಳನ್ನು ಕಂಡವರ ಮನೆಗಳಲ್ಲಿ ಕೆಲಸಕ್ಕಿಟ್ಟು, ಭೂಮಿ ಬಿಟ್ಟು ಹೋದಳು. ರೈತನನ್ನು ಊರಿನವರು ಮತ್ತೆ ಆರಿಸಿದರು, ಮತ್ತೆ ಮತ್ತೆ ಆರಿಸಿದರು. ಪ್ರತಿ ಸಲವೂ ಅವನು ಆ ಕಾನೂನು ತಿದ್ದಿರೆಂದು ಎದ್ದು ನಿಂತ. ಪ್ರತಿ ಸಲವೂ ಅವನನ್ನು ಗೌರವದಿಂದ ಕೂರಿಸಿದರು. ಹಾಗೆಯೇ ಮುದುಕನಾಗಿ ಸತ್ತ. ಊರೆಲ್ಲ ಅತ್ತಿತು, ಮನಸಾರೆ ಅತ್ತಿತು.

ಗುರುಗಳು ಕತೆ ನಿಲ್ಲಿಸಿದರು. ಅಡವಯ್ಯ, "ಆದರೂ ಅವನು ಪ್ರಾಮಾಣಿಕ, ಗುರುಗಳೇ. ಆ ಜಾಗದಲ್ಲಿ ಒಬ್ಬ ಸುಳ್ಳುಗಾರನಿದ್ದಿದ್ದರೆ ಇನ್ನೂ ದೊಡ್ಡ ಕೇಡಾಗುತ್ತಿತ್ತಲ್ಲವೇ?" ಎಂದ.

"ಸುಳ್ಳುಗಾರನ ಮಾತಾಗಿದ್ದರೆ, ಅಡವಯ್ಯ, ಯಾರಾದರೂ ಒಬ್ಬರು ಎದ್ದು ಹೋಗಿ ನೋಡಿಬರುತ್ತಿದ್ದರು."