ಅಕ್ಕ ಕೂತ ಗುಡ್ಡ

ಎರಡು ಚಂದ್ರರು ಬೆಳಗುವ ಇರ್ಪೊಳಲು ಸೀಮೆಯಲ್ಲಿ ಹಿರಿಕೆರೆಯ ಏರಿ ದಾಟಿದರೆ ಬಲಕ್ಕೆ ಒಂದು ಬೋಳು ಗುಡ್ಡ ಸಿಗುತ್ತದೆ. ನೆತ್ತಿಯಲ್ಲಿ ಮೊಣಕಾಲೆತ್ತರದ ಕಲ್ಲುಗುಡಿ. ಒಳಗೆ ವಿಗ್ರಹವಿಲ್ಲ, ಮೊನೆ ಮುರಿದ ಒಂದು ಕಂಟವಿದೆ. ಕಂಟವೆಂದರೆ ಓಲೆಗರಿಯ ಮೇಲೆ ಅಕ್ಷರ ಕೊರೆಯುವ ಉಕ್ಕಿನ ಕಡ್ಡಿ. ಪರಸ್ಥಳದವರು ಬಂದು ಅದಕ್ಕೆ ಕೈಮುಗಿದು, ಮಕ್ಕಳಿಗೆ ವಿದ್ಯೆ ಬರಲಿ ಎಂದು ಬೇಡಿಕೊಂಡು ಇಳಿಯುತ್ತಾರೆ. ಬೇಡಿಕೊಳ್ಳಲಿ, ಬೇಡವೆನ್ನಲು ನಾವು ಯಾರು? ಯಾವಳೋ ತಪಸ್ವಿನಿ ಇಲ್ಲಿ ಧ್ಯಾನಕ್ಕೆ ಕೂತಿದ್ದಳು, ಅದಕ್ಕೇ ಈ ಹೆಸರು ಎಂದು ಹೇಳಿಕೊಂಡು ತಿರುಗುವವರೂ ಇದ್ದಾರೆ. ಊರಿನ ಹಿರಿಯರು ಅದನ್ನು ಕೇಳಿ ನಕ್ಕುಬಿಡುತ್ತಾರೆ. ಅವಳು ಕೂತದ್ದು ಧ್ಯಾನಕ್ಕಲ್ಲ, ಗುಮಾನಿಗೆ.

ಹಿಂದೆ ಒಮ್ಮೆ ಈ ಸೀಮೆಗೆಲ್ಲ ಕಂಟವೇ ನ್ಯಾಯಾಧೀಶನಾಗಿತ್ತು ಎನ್ನುತ್ತಾರೆ. ಮೋಡದ ಮೇಲೆ ಮಳೆಯನ್ನು ಬರೆದು ಕಳಿಸುವ ಬರಹದಮ್ಮನ ಕೈಯಿಂದ ಅದು ಜಾರಿ ಬಿದ್ದದ್ದಂತೆ. ಆರೋಪ ಹೊತ್ತವನು ತನ್ನ ಮಾತು ಹೇಳಬೇಕು; ಪೂಜಾರಿಯಾದ ಕಂಟದಯ್ಯ ಅದನ್ನು ಓಲೆಯಲ್ಲಿ ಕೊರೆಯಬೇಕು. ಕೊರೆದದ್ದು ಬರಿಗಣ್ಣಿಗೆ ಸರಿಯಾಗಿ ಕಾಣದು. ದೀಪದ ಮಸಿಯನ್ನು ಎಣ್ಣೆಯಲ್ಲಿ ಕಲಸಿ ಒರೆಸಿದರೆ ಗೀರಿನೊಳಗೆ ಕಪ್ಪು ಕೂತು ಅಕ್ಷರ ಎದ್ದು ಬರುತ್ತದೆ. ಆಡಿದ್ದು ಸುಳ್ಳಾದರೆ ಅಮ್ಮ ಗೀರನ್ನು ಮುಚ್ಚಿಬಿಡುತ್ತಾಳೆ, ಓಲೆ ಬರಿದಾಗಿಯೇ ಉಳಿಯುತ್ತದೆ ಎಂಬುದು ಜನರ ನಂಬಿಕೆ. ಬರಿ ಓಲೆಯವನನ್ನು ಉಪ್ಪಿನ ಬಯಲಿನಾಚೆಗೆ ಅಟ್ಟುತ್ತಿದ್ದರು. ಹಾಗೆ ಹೋದವರಲ್ಲಿ ಒಬ್ಬರೂ ಮರಳಿ ಬಂದದ್ದಿಲ್ಲ.

ಆ ಕಾಲದಲ್ಲಿ ಕೆರೆಯ ಬದಿಯ ಕೇರಿಯಲ್ಲಿ ಬಾಚಲೆ ಎಂಬವಳಿದ್ದಳು. ಮಹಾ ಗುಮಾನಿಯ ಹೆಂಗಸು. ಹಾಲು ಹೊಯ್ದವಳ ಎದುರಿಗೇ ಬೆರಳದ್ದಿ ನೋಡುವಳು. ಯಾರಾದರೂ ಹೊಗಳಿದರೆ, ಇವರಿಗೆ ನನ್ನಿಂದ ಏನು ಆಗಬೇಕಾಗಿದೆಯೋ ಎಂದು ಕಣ್ಣು ಕಿರಿದು ಮಾಡುವಳು. ಅವಳ ಗುಮಾನಿ ಮುಟ್ಟದ ಜೀವ ಒಂದೇ, ತಾಯಿ ಸತ್ತ ಮೇಲೆ ಎತ್ತಿ ಆಡಿಸಿ ದೊಡ್ಡವನನ್ನಾಗಿ ಮಾಡಿದ ತಮ್ಮ ಬೂಚಣ. ಅವನು ಕೆರೆಯ ತೂಬು ಕಾಯುವವನು. ಒಂದು ದಿನ ಬೆಳಗಾಗುವಷ್ಟರಲ್ಲಿ ಯಾರೋ ತೂಬು ಎತ್ತಿ, ಕೆರೆಯ ನೀರೆಲ್ಲ ನುಗ್ಗಿ ಹರಿದು, ಕಾಲುವೆಯ ದಡದ ಗುಡಿಸಲಿನ ಕೂಸೊಂದು ಕೊಚ್ಚಿಹೋಯಿತು. ಕಾಯುವವನು ಅವನೇ ಆದ್ದರಿಂದ ಊರಿನ ಬೆರಳೆಲ್ಲ ಅವನತ್ತಲೇ ತಿರುಗಿತು.

ನ್ಯಾಯಕ್ಕೆ ಊರೇ ನೆರೆಯಿತು. "ತೂಬು ನಾನು ಎತ್ತಿಲ್ಲ" ಎಂದ ಬೂಚಣ. ಕಂಟದಯ್ಯನಾದ ಚಟ್ಟಯ್ಯ ಕೊರೆದು ಮಸಿ ಒರೆಸಿದರೆ ಓಲೆಯಲ್ಲಿ ಒಂದಕ್ಷರವೂ ಏಳಲಿಲ್ಲ. ಜನ ಎದ್ದು ನಿಂತರು. ಬಾಚಲೆಯ ಎದೆ ಒಡೆದುಹೋಯಿತು. ಆದರೂ ಅವಳ ಕಣ್ಣು ಓಲೆಯನ್ನು ಬಿಟ್ಟು ಚಟ್ಟಯ್ಯನ ಬೆರಳುಗಳ ಮೇಲೆ ನೆಟ್ಟಿತ್ತು. ಸೆರಗು ಬಿಗಿದುಕೊಂಡು ಮುಂದೆ ಬಂದಳು. "ಅಯ್ಯನವರೇ, ಊರಿನವರನ್ನೆಲ್ಲ ಆಣೆಗೆ ನಿಲ್ಲಿಸಿದಿರಿ. ಕಂಟ ಹಿಡಿದ ಕೈ ಆಣೆ ಮಾಡಿದ್ದನ್ನು ನಾನಂತೂ ಕಂಡಿಲ್ಲ. ಒತ್ತದೆ ಗೀರಿದರೆ ನಿಜದ ಮಾತಿಗೂ ಮಸಿ ಕೂರುವುದಿಲ್ಲ. ಬರೆಯುವಾಗ ನನ್ನ ಕೈ ಎಂದೂ ಬೇಕೆಂದೇ ಹಗುರಾಗಿಲ್ಲ ಅಂತ ನಿಮ್ಮದೂ ಒಂದು ಮಾತು ಬರೆಯಿರಿ. ಅಕ್ಷರ ಎದ್ದರೆ ತಮ್ಮನ ಜೊತೆ ನಾನೂ ಬಯಲಿಗೆ ಹೋಗುತ್ತೇನೆ." ತಲೆಮಾರುಗಳಿಂದ ಯಾರಿಗೂ ಹೊಳೆಯದ ಮಾತು ಅದು. ಒಲ್ಲೆನ್ನಲು ಚಟ್ಟಯ್ಯನಿಗೆ ದಾರಿಯಿರಲಿಲ್ಲ. ಕೈ ಗಡಗಡ ನಡುಗುತ್ತಿತ್ತು. ಎಲ್ಲಿ ಅಕ್ಷರ ಏಳದೆ ಹೋದೀತೋ ಎಂದು ಅವನು ಅದೆಷ್ಟು ಒತ್ತಿದನೆಂದರೆ, ಓಲೆ ಹರಿದು ಕೆಳಗಿನ ಕಲ್ಲಿಗೆ ತಾಗಿ ಮೊನೆ ಮುರಿದೇ ಹೋಯಿತು. ಅದು ಕಳ್ಳನ ನಡುಕವೋ, ಮಾನಸ್ಥನಿಗೆ ಅವಮಾನವಾದಾಗ ಬರುವ ನಡುಕವೋ, ಇಂದಿಗೂ ಯಾರಿಗೂ ತಿಳಿಯದು. ಅಮ್ಮನೇ ಮುರಿದಳು ಎಂದು ಜನ ಬೂಚಣನನ್ನು ಬಿಟ್ಟುಬಿಟ್ಟರು. ಹಿಂದೆ ತಮ್ಮವರನ್ನು ಬಯಲಿಗೆ ಕಳಿಸಿದ್ದವರು ಮಾತ್ರ ಅಲ್ಲೇ ಕುಸಿದು ಕೂತು ಅತ್ತರಂತೆ. ಮುರಿದ ಕಂಟವನ್ನು ಮನೆಯಲ್ಲಿಟ್ಟುಕೊಳ್ಳಲು ಎಲ್ಲರಿಗೂ ಅಂಜಿಕೆಯಾಗಿ, ಅದನ್ನು ಗುಡ್ಡದ ಮೇಲೆ ಇಟ್ಟು ಬಂದರು.

ತಮ್ಮನನ್ನು ಗೆದ್ದು ತಂದ ಸಂತೋಷದಲ್ಲಿ ಬಾಚಲೆ ಬಿಸಿ ಮುದ್ದೆ ಬಡಿಸಿದಳು. ಬೂಚಣ ತಲೆ ತಗ್ಗಿಸಿ ಉಣ್ಣುತ್ತಿದ್ದವನು, "ಎಲ್ಲರೂ ಕೇಳಿದರು. ನೀನು ಮಾತ್ರ ಕೇಳಲಿಲ್ಲವಲ್ಲ ಅಕ್ಕಾ" ಎಂದ. ಕೇಳಬೇಕೆಂದು ಅವಳಿಗೆ ಅಲ್ಲಿಯವರೆಗೂ ಅನಿಸಿರಲಿಲ್ಲ. "ನೀನು ಎತ್ತಲಿಲ್ಲ ತಾನೇ?" ಎಂದಳು. "ಇಲ್ಲ" ಎಂದ. ಅಷ್ಟೇ. ಆದರೆ ಆ 'ಇಲ್ಲ' ಬರುವ ಮುಂಚೆ ಅವನ ಕೈ ತಟ್ಟೆಯಲ್ಲಿ ಒಂದು ಗಳಿಗೆ ನಿಂತದ್ದನ್ನು ಅವಳು ನೋಡಿಬಿಟ್ಟಿದ್ದಳು. ನೊಂದುಕೊಂಡು ನಿಂತಿತೋ, ಅಳುಕಿ ನಿಂತಿತೋ? ಯಾರನ್ನು ಕೇಳುವುದು? ನಿಜ ಹೇಳುವ ಕಂಟವನ್ನು ಮುರಿಸಿದವಳು ತಾನೇ. ಮರುದಿನ ಬೂಚಣ ತೂಬಿಗೆ ಹೊರಟ ಕೂಡಲೇ ಅವಳು ಗುಡ್ಡ ಹತ್ತಿದಳು. ಆಮೇಲೆ ಸಾಯುವ ತನಕ ಹಗಲೆಲ್ಲ ಅಲ್ಲೇ ಕೂತಳು ಎನ್ನುತ್ತಾರೆ.

ಈಗ ಹೋದರೂ ನೋಡಬಹುದು. ಗುಡಿಗೆ ಬೆನ್ನು ಮಾಡಿದ ಒಂದು ಬಂಡೆ ಕೂತು ಕೂತು ನುಣುಪಾಗಿದೆ. ಅಲ್ಲಿ ಕೂತರೆ ಕೆರೆಯ ತೂಬು ಎದುರಿಗೇ ಕಾಣುತ್ತದೆ, ಬೇರೇನೂ ಕಾಣುವುದಿಲ್ಲ. ಅದರ ಕೆಳಗೆ ಇನ್ನೊಂದು ಸಣ್ಣ ಕಲ್ಲೂ ಅಷ್ಟೇ ನುಣುಪಾಗಿದೆ; ಬಂದವರು ಅದನ್ನು ಮೆಟ್ಟಿಲೆಂದುಕೊಂಡು ತುಳಿಯುತ್ತಾರೆ. ಅದು ಬೂಚಣ ಕೂರುತ್ತಿದ್ದ ಜಾಗ. ಮಧ್ಯಾಹ್ನ ಗಂಜಿ ತಂದುಕೊಟ್ಟು, ಅವಳು ಕುಡಿದು ಮುಗಿಸುವವರೆಗೂ ತೂಬಿಗೆ ಬೆನ್ನು ಹಾಕಿ, ಇವತ್ತಾದರೂ ನನ್ನನ್ನು ನಂಬಿದಳೋ ಎಂದು ಅಕ್ಕನ ಮುಖವನ್ನೇ ನೋಡುತ್ತಾ ಕೂತಿರುತ್ತಿದ್ದನಂತೆ.